ಪಾಟಿಯಲ್ಲಿ ಸೈಡ್: ಸಾಸ್ತೂರ ಸೀಮೆಯ ದ್ವಿಪಥ ರಸ್ತೆಗಳ ಕೂಡುದಾರಿಯಲ್ಲಿ ಹಿಂದಿಕ್ಕುವ ನಿಯಮ

ಮಹಾರಾಷ್ಟ್ರದ ಉಮರ್ಗಾ, ಲೋಹಾರಾ, ನಿಲಂಗಾ ಸೀಮೆಯಲ್ಲಿ ದೊಡ್ಡ ರಸ್ತೆಯಿಂದ ಊರಿನ ರಸ್ತೆ ಕವಲೊಡೆಯುವ ಜಾಗಕ್ಕೆ ‘ಪಾಟಿ’ ಎನ್ನುತ್ತಾರೆ. ಊರ ಹೆಸರು ಬರೆದ ಹಲಗೆ ನಿಲ್ಲುವ ಜಾಗ ಅದು. ಹಲಗೆಯ ಹೆಸರೇ ಜಾಗಕ್ಕೂ ಬಂತು. ಉತ್ತರ ಕರ್ನಾಟಕದ ಮಕ್ಕಳು ಶಾಲೆಗೆ ಒಯ್ಯುತ್ತಿದ್ದ ಸ್ಲೇಟಿಗೂ ಇದೇ ಹೆಸರು. ಗಡಿ ದಾಟಿ ಆಳಂದ, ಬಸವಕಲ್ಯಾಣದ ಕಡೆಗೆ ಬಂದರೆ ಅಂಥದೇ ಜಾಗ ‘ಕ್ರಾಸ್’ ಆಗುತ್ತದೆ. ಹೆಸರು ಯಾವುದಾದರೂ ಚಾಲಕನ ಮನಸ್ಸಿನಲ್ಲಿ ಪಾಟಿ ಎಂದರೆ ಎಸ್‌ಟಿ ಬಸ್ಸು ನಿಲ್ಲುವ ಜಾಗ, ಚಹದ ಅಂಗಡಿ, ಟಮ್‌ಟಮ್‌ಗೆ ಕಾಯುವ ಜನ. ಕಾನೂನು ಅದನ್ನು ಜಂಕ್ಷನ್ ಎಂದು ಎಣಿಸುತ್ತದೆ, ಅಲ್ಲಿ ಚಾಲಕನ ಹಕ್ಕುಗಳು ಬದಲಾಗುತ್ತವೆ ಎಂಬ ಎಚ್ಚರ ಆ ಹೆಸರಿನೊಳಗೆ ಇಲ್ಲ.

ಈ ಲೇಖನ ಹೇಳಹೊರಟಿರುವುದು ಇಷ್ಟು. ನಮ್ಮ ದ್ವಿಪಥ ರಸ್ತೆಗಳ ಕೂಡುದಾರಿಯಲ್ಲಿ ಮುಂದಿನ ವಾಹನವನ್ನು ಹಿಂದಿಕ್ಕಬಾರದೆಂಬ ನಿಯಮ ಬಹುಕಾಲ ಒಂದೇ ವಾಕ್ಯದಲ್ಲಿ ಇರಲಿಲ್ಲ. ಮೂರು ಬೇರೆ ಬೇರೆ ನಿಯಮಗಳನ್ನು ಕೂಡಿಸಿ ಓದಿದಾಗ ಮಾತ್ರ ಅದು ಹೊರಡುತ್ತಿತ್ತು. ರಸ್ತೆಯ ಮೇಲೆ ಮಾತ್ರ ಬೇರೊಂದು ನಿಯಮ ಬೇರುಬಿಟ್ಟಿತು. ಮುಂದಿನವನು ‘ಸೈಡ್’ ಕೊಟ್ಟರೆ ಹಿಂದಿನವನು ಹೋಗಬಹುದು ಎಂಬುದು ಆ ನಿಯಮ. ಸೈಡ್ ಕೊಡುವ ಸನ್ನೆಯೂ ಬಲಕ್ಕೆ ತಿರುಗುವ ಸನ್ನೆಯೂ ಒಂದೇ ಆಗಿಬಿಟ್ಟ ಮೇಲೆ ಪಾಟಿಯಷ್ಟು ಅಪಾಯದ ಜಾಗ ಇನ್ನೊಂದಿಲ್ಲ.

ಶೀರ್ಷಿಕೆಯಲ್ಲಿರುವ ಸಾಸ್ತೂರ ಈ ಸೀಮೆಯ ಒಂದು ಊರು. ಅದರ ಹೆಸರಿನ ಕೊನೆಯಲ್ಲಿ ಕನ್ನಡದ ‘ಊರು’ ಕೇಳಿಸುತ್ತದೆ. ಆಳೂರ, ಬಲಸೂರ, ಯೇಣೆಗೂರ ಎಂದು ಈ ಸೀಮೆಯಲ್ಲಿ ಅಂಥ ಹೆಸರುಗಳು ಹಲವು. ಸಂಶೋಧಕ ಶಂಬಾ ಜೋಶಿಯವರು ಮಹಾರಾಷ್ಟ್ರದ ಸ್ಥಳನಾಮಗಳಲ್ಲಿ ಹುಡುಕಿದ ಕನ್ನಡದ ಪದರು ಇಲ್ಲಿ ಇನ್ನೂ ಕಣ್ಣಿಗೆ ಬೀಳುತ್ತದೆ. ಹಿಂದೆ ಇದು ನಿಜಾಮರ ಹೈದರಾಬಾದ್ ಸಂಸ್ಥಾನ. ಉದಗೀರ, ನಿಲಂಗಾ 1956ರವರೆಗೆ ಬೀದರ ಜಿಲ್ಲೆಗೆ ಸೇರಿದ್ದವು. ಪುಣೆ–ಸೊಲ್ಲಾಪುರ–ಹೈದರಾಬಾದ್ ಹೆದ್ದಾರಿ, ಹಿಂದಿನ 9, ಈಗಿನ 65, ಉಮರ್ಗಾದ ಮೇಲೆ ಹಾಯುತ್ತದೆ. ಆ ಹೆದ್ದಾರಿ ನನ್ನ ವಿಷಯವಲ್ಲ. ಅದಕ್ಕೆ ಬಂದು ಸೇರುವ, ಒಂದನ್ನೊಂದು ದಾಟುವ ಒಳನಾಡಿನ ದ್ವಿಪಥ ರಸ್ತೆಗಳು ನನ್ನ ವಿಷಯ: ಸಾಸ್ತೂರದಿಂದ ಲೋಹಾರಾ, ಮಾಕಣಿ, ಕಿಲ್ಲಾರಿಯ ಕಡೆಗೆ ಹೋಗುವಂಥವು.

ಈ ರಸ್ತೆಗಳ ಕೂಡುದಾರಿಗಳನ್ನು ಒಂದು ದುರಂತ ಬದಲಿಸಿತು. 1993ರ ಸೆಪ್ಟೆಂಬರ್ 30ರ ನಸುಕಿನ 3 ಗಂಟೆ 56 ನಿಮಿಷಕ್ಕೆ ಬಂದ ಕಿಲ್ಲಾರಿ ಭೂಕಂಪದಲ್ಲಿ ಸುಮಾರು 10,000 ಜನ ಸತ್ತರೆಂಬ ಅಂದಾಜಿದೆ. ತೀವ್ರವಾಗಿ ನಲುಗಿದ ಊರುಗಳಲ್ಲಿ ಸಾಸ್ತೂರವೂ ಒಂದು. ನಂತರದ ಪುನರ್ವಸತಿಯಲ್ಲಿ 52 ಊರುಗಳನ್ನು ಹಳೆಯ ಗಾಂವಠಾಣದಿಂದ, ಎಂದರೆ ಊರಿನ ಮೂಲ ನೆಲೆಯಿಂದ, ಎಬ್ಬಿಸಿ ಬೇರೆ ಜಾಗದಲ್ಲಿ ಕಟ್ಟಲಾಯಿತು. ಓಣಿ, ಸಂದಿ, ಅಗಸಿಯ ಊರಿನ ಬದಲು ಅಗಲವಾದ ನೇರ ಬೀದಿಗಳು ಚೌಕವಾಗಿ ಕತ್ತರಿಸುವ ಊರು ಬಂತು. ಮನೆ ಒಂದೆಡೆ, ಹೊಲ ಇನ್ನೊಂದೆಡೆ, ಹಳೆಯ ಊರಿನ ಗುಡಿ ಮತ್ತೊಂದೆಡೆ ಆದವರು ದಿನಕ್ಕೆ ಹಲವು ಸಲ ಡಾಂಬರು ರಸ್ತೆಯನ್ನು ಅಡ್ಡ ಹಾಯಬೇಕಾಯಿತು. ಇಂಥ ಊರುಗಳ ರಸ್ತೆ ಸುರಕ್ಷತೆಯನ್ನು ಭೂಕಂಪದ ಇತಿಹಾಸದಿಂದ ಬೇರ್ಪಡಿಸಿ ನೋಡಿದರೆ ಅರ್ಧ ಸತ್ಯವಷ್ಟೇ ಸಿಗುತ್ತದೆ ಎಂದು ನಾನು ತಿಳಿಯುತ್ತೇನೆ.

ಈಗ ಕಾನೂನಿನ ಪಠ್ಯಕ್ಕೆ ಬರೋಣ. 1939ರ ಮೋಟಾರು ವಾಹನ ಕಾಯ್ದೆ ಚಾಲನೆಯ ನಿಯಮಗಳನ್ನು ತನ್ನ ಹತ್ತನೆಯ ಅನುಸೂಚಿಯಲ್ಲಿ ಇಟ್ಟಿತ್ತು. 1988ರ ಕಾಯ್ದೆ ಬಂದ ಮೇಲೆ ಅವು ‘ರಸ್ತೆ ನಿಯಮಾವಳಿ, 1989’ ಎಂಬ ಹೆಸರಿನಲ್ಲಿ, ಹೆಚ್ಚುಕಡಿಮೆ ಅದೇ ಮಾತುಗಳಲ್ಲಿ, 1989ರ ಜುಲೈ 1ರಿಂದ ಜಾರಿಯಾದವು. 2017ರ ಜೂನ್‌ನಲ್ಲಿ ಅವುಗಳ ಜಾಗಕ್ಕೆ ಇನ್ನೂ ಬಿಡಿಸಿ ಬರೆದ ಚಾಲನಾ ನಿಯಮಾವಳಿ ಬಂದಿತು. ಆದರೆ ಇಂದು ಈ ರಸ್ತೆಗಳಲ್ಲಿ ಬಸ್ಸು, ಲಾರಿ, ಟ್ರ್ಯಾಕ್ಟರ್ ಓಡಿಸುತ್ತಿರುವ ನಡುವಯಸ್ಸಿನವರಲ್ಲಿ ಹೆಚ್ಚಿನವರು ಲೈಸೆನ್ಸ್ ಪಡೆದದ್ದು 1989ರ ಪಠ್ಯದ ಕಾಲದಲ್ಲಿ. ಅವರ ಕೈ ಪಳಗಿದ್ದು ಆ ಪಠ್ಯದ ನೆರಳಿನಲ್ಲಿ. ಆದ್ದರಿಂದ ನಾನು ಅದನ್ನೇ ಓದುತ್ತೇನೆ.

ಅದರ 6ನೆಯ ನಿಯಮ ಹಿಂದಿಕ್ಕಬಾರದ ನಾಲ್ಕು ಸಂದರ್ಭಗಳನ್ನು ಹೇಳುತ್ತದೆ: ಬೇರೆ ಸಂಚಾರಕ್ಕೆ ತೊಂದರೆಯೋ ಅಪಾಯವೋ ಆಗುವಂತಿದ್ದರೆ, ಮುಂದೆ ತಿರುವು, ಮೂಲೆ, ಗುಡ್ಡ ಅಥವಾ ಬೇರೆ ಅಡ್ಡಿಯಿಂದ ಹಿಂದಿಕ್ಕುವುದು ಅಪಾಯವಾದರೆ, ನಿಮ್ಮ ಹಿಂದಿನವನು ಆಗಲೇ ನಿಮ್ಮನ್ನು ಹಿಂದಿಕ್ಕಲು ತೊಡಗಿದ್ದರೆ, ಮುಂದಿನ ಚಾಲಕ ಹೋಗಬಹುದೆಂದು ಸನ್ನೆ ಮಾಡದಿದ್ದರೆ. ಈ ಪಟ್ಟಿಯಲ್ಲಿ ಜಂಕ್ಷನ್ ಎಂಬ ಪದ ಇಲ್ಲ. ಅದು ಕಾಣುವುದು 8ನೆಯ ನಿಯಮದಲ್ಲಿ: ಕೂಡುದಾರಿ ಹತ್ತಿರವಾದಾಗ ವೇಗ ತಗ್ಗಿಸಬೇಕು, ಅಲ್ಲಿರುವವರಿಗೆ ಅಪಾಯವಾಗದೆಂದು ಖಚಿತವಾಗುವತನಕ ಒಳಗೆ ಹೋಗಕೂಡದು. 9ನೆಯದು ಹಕ್ಕಿನ ಮಾತು: ಸೇರುವ ರಸ್ತೆ ಮುಖ್ಯರಸ್ತೆಯೆಂದು ಗೊತ್ತುಪಡಿಸಿದ್ದಾದರೆ ಅದರ ಮೇಲಿನ ವಾಹನಗಳಿಗೆ ದಾರಿ ಬಿಡಬೇಕು, ಇಲ್ಲವಾದರೆ ಬಲಗಡೆಯಿಂದ ಬರುವ ಎಲ್ಲರಿಗೂ ಬಿಡಬೇಕು. ಹಿಂದಿಕ್ಕುವವನು ವೇಗ ಹೆಚ್ಚಿಸಲೇಬೇಕು. ಕೂಡುದಾರಿಗೆ ಬರುವವನು ವೇಗ ತಗ್ಗಿಸಲೇಬೇಕು. ಎರಡನ್ನೂ ಒಬ್ಬನೇ ಒಂದೇ ಗಳಿಗೆಯಲ್ಲಿ ಮಾಡಲಾರ. ನಿಷೇಧ ಹುಟ್ಟುವುದು ಈ ವಿರೋಧದಿಂದ. ವಕೀಲರಿಗೆ ಇದು ಸಾಕು. ಸ್ಟಿಯರಿಂಗ್ ಹಿಡಿದವನಿಗೆ ಸಾಲದು.

ಬೇರೆ ದೇಶಗಳು ಇದನ್ನು ನೇರವಾಗಿ ಹೇಳಿವೆ. ಬ್ರಿಟನ್ನಿನ ಹೈವೇ ಕೋಡ್‌ನ 167ನೆಯ ನಿಯಮ, ರಸ್ತೆಯ ಯಾವ ಬದಿಯಲ್ಲಿ ಕೂಡುದಾರಿ ಇದ್ದರೂ ಅದರ ಸಮೀಪದಲ್ಲಿ ಹಿಂದಿಕ್ಕಬೇಡಿ ಎನ್ನುತ್ತದೆ. ‘ಯಾವ ಬದಿಯಲ್ಲಿದ್ದರೂ’ ಎಂಬ ಮಾತನ್ನು ಗಮನಿಸಬೇಕು. ಅಮೆರಿಕದ ಮಾದರಿ ವಾಹನ ಸಂಹಿತೆ 100 ಅಡಿ ಎಂದು ಅಳತೆಯನ್ನೇ ಕೊಟ್ಟಿದೆ. ನಮ್ಮ 1989ರ ಪಠ್ಯದಲ್ಲಿ ಬದಿಯ ಮಾತೂ ಇಲ್ಲ, ಅಳತೆಯೂ ಇಲ್ಲ.

ಎಷ್ಟು ದೂರ ಬೇಕು? ಇಂಡಿಯನ್ ರೋಡ್ಸ್ ಕಾಂಗ್ರೆಸ್ 1976ರಲ್ಲಿ ಪ್ರಕಟಿಸಿದ 66ನೆಯ ಸಂಹಿತೆಯಂತೆ, ಗಂಟೆಗೆ 80 ಕಿ.ಮೀ. ವೇಗಕ್ಕೆ ರೂಪಿಸಿದ ದ್ವಿಪಥದಲ್ಲಿ ಸುರಕ್ಷಿತವಾಗಿ ಹಿಂದಿಕ್ಕಲು 470 ಮೀಟರ್ ಮುಂದೆ ಕಾಣಬೇಕು, 60 ಕಿ.ಮೀ.ಗೆ 300 ಮೀಟರ್. ಸಾಸ್ತೂರದ ಕಡೆ ಕಬ್ಬಿನ ಹಂಗಾಮಿನಲ್ಲಿ ನಡೆಯುವುದಕ್ಕೆ ಹೊಂದಿಸಿ ಲೆಕ್ಕ ಹಾಕೋಣ. ಎರಡು ಟ್ರಾಲಿ ಕಟ್ಟಿಕೊಂಡ ಟ್ರ್ಯಾಕ್ಟರ್ 15 ಮೀಟರ್ ಉದ್ದ, ವೇಗ ಗಂಟೆಗೆ 20 ಕಿ.ಮೀ. ಎಂದು ಹಿಡಿಯೋಣ. ಹಿಂದೆ 11 ಮೀಟರಿನ ಬಸ್ಸು, ವೇಗ 50. ಹಿಂದೆ ಮುಂದೆ ಹತ್ತತ್ತು ಮೀಟರ್ ತೆರಪು ಬಿಟ್ಟರೆ ಬಸ್ಸು ಟ್ರ್ಯಾಕ್ಟರಿಗಿಂತ 46 ಮೀಟರ್ ಹೆಚ್ಚು ಓಡಬೇಕು. ಅದಕ್ಕೆ ಐದೂವರೆ ಸೆಕೆಂಡು. ಅಷ್ಟರಲ್ಲಿ ಬಸ್ಸು ಬಲಗಡೆಯ ಪಥದಲ್ಲಿ ಸುಮಾರು 77 ಮೀಟರ್ ಸಾಗಿರುತ್ತದೆ. 60ರ ವೇಗದಲ್ಲಿ ಎದುರಿನಿಂದ ಬರುವ ಜೀಪು ಅದೇ ಹೊತ್ತಿನಲ್ಲಿ 92 ಮೀಟರ್ ಬಂದಿರುತ್ತದೆ. ಅಮೆರಿಕದ 100 ಅಡಿ ಎಂದರೆ 30 ಮೀಟರ್. ನಿಧಾನದ ಟ್ರ್ಯಾಕ್ಟರೇ ಹೆಚ್ಚಿರುವ ರಸ್ತೆಗೆ ಅದು ಸಾಲುವುದಿಲ್ಲ. ಆ 77 ಮೀಟರಿನೊಳಗೆ ಒಂದು ಪಾಟಿ ಬಂದರೆ ಏನಾಗುತ್ತದೆ ಎಂಬುದನ್ನು ನಿಧಾನವಾಗಿ ನೋಡಬೇಕು.

ಬಸ್ಸು ಉತ್ತರಕ್ಕೆ ಹೋಗುತ್ತಿದೆ. ಬಲಗಡೆ, ಎಂದರೆ ಪೂರ್ವದಿಂದ, ಊರಿನ ರಸ್ತೆ ಬಂದು ಸೇರುತ್ತದೆ. ಅಲ್ಲಿಂದ ಮೋಟರ್‌ಸೈಕಲ್ ಮೇಲೆ ಬಂದವನು ಎಡಕ್ಕೆ ಹೊರಳಿ ದಕ್ಷಿಣಕ್ಕೆ ಹೋಗಬೇಕು. ಅವನು ಸೇರುವ ಪಥದಲ್ಲಿ ವಾಹನಗಳು ಬರುವುದು ಉತ್ತರದಿಂದ, ಅವನ ಬಲಗಡೆಯಿಂದ. ಕಾನೂನು ಬಲಕ್ಕೆ ನೋಡು ಎನ್ನುತ್ತದೆ, ಅಭ್ಯಾಸವೂ ಅದನ್ನೇ ಹೇಳುತ್ತದೆ. ಬಲಕ್ಕೆ ನೋಡಿದ, ರಸ್ತೆ ಖಾಲಿ, ಹೊರಳಿದ. ಟ್ರ್ಯಾಕ್ಟರನ್ನು ಹಿಂದಿಕ್ಕುತ್ತಿರುವ ಬಸ್ಸು ಅದೇ ಪಥದಲ್ಲಿ ಅವನ ಎಡಗಡೆಯಿಂದ ಎದುರಿಗೇ ಬಂತು. ಅವನು ಯಾವ ನಿಯಮವನ್ನೂ ಮುರಿದಿಲ್ಲ. ಬಸ್ಸಿನ ಚಾಲಕನಿಗೂ ಮುಂದೆ 200 ಮೀಟರ್ ಖಾಲಿ ರಸ್ತೆ ಕಾಣುತ್ತಿತ್ತು, ತಿರುವಿಲ್ಲ, ಗುಡ್ಡವಿಲ್ಲ. 6ನೆಯ ನಿಯಮದ ಪಟ್ಟಿಯನ್ನು ಬಾಯಿಪಾಠ ಮಾಡಿದವನೂ ಅಲ್ಲಿ ತಪ್ಪು ಕಾಣಲಾರ. ಹೀಗಾಗಿ ಸಿಕ್ಕ ಸಿಕ್ಕ ಚಾಲಕನನ್ನು ದುಡುಕಿನವನೆಂದು ಬೈಯುವುದರಿಂದ ಈ ಅಪಾಯ ಕರಗುವುದಿಲ್ಲ. ಹಿಂದಿಕ್ಕುವವನ ಕಣ್ಣು ಉದ್ದಕ್ಕೆ ನೋಡುತ್ತದೆ. ಕೂಡುದಾರಿಯ ಅಪಾಯ ಅಡ್ಡದಿಂದ ಬರುತ್ತದೆ. ದೃಷ್ಟಿದೂರದ ಕೋಷ್ಟಕಗಳೂ ಉದ್ದದವೇ.

ಎರಡನೆಯ ಬಗೆಯ ಅಪಘಾತ ಇನ್ನೂ ದುಃಖದ್ದು. ಮುಂದಿನ ಟ್ರ್ಯಾಕ್ಟರ್ ತಾನೇ ಬಲಕ್ಕೆ, ಊರಿನ ದಾರಿಗೆ ತಿರುಗುತ್ತದೆ. ಹಿಂದಿನವನು ಅದೇ ಹೊತ್ತಿಗೆ ಬಲದಿಂದ ಮುನ್ನುಗ್ಗುತ್ತಾನೆ. ಇಲ್ಲಿ ಸನ್ನೆಯ ಇತಿಹಾಸ ಮುಖ್ಯವಾಗುತ್ತದೆ.

ಹಳೆಯ ಕೈಸನ್ನೆಗಳಲ್ಲಿ ಎರಡೂ ಬೇರೆಯಾಗಿದ್ದವು. ಬಲಕ್ಕೆ ತಿರುಗುವವನು ಬಲಗೈಯನ್ನು ಅಡ್ಡ ಚಾಚಿ ಅಂಗೈಯನ್ನು ಮುಂದಕ್ಕೆ ತೋರಿಸಬೇಕು. ಹಿಂದಿನವನಿಗೆ ಹೋಗು ಎನ್ನುವವನು ಚಾಚಿದ ಕೈಯನ್ನು ಅರ್ಧವೃತ್ತದಲ್ಲಿ ಹಿಂದಕ್ಕೆ ಮುಂದಕ್ಕೆ ಬೀಸಬೇಕು. ಒಂದು ನಿಂತ ಕೈ, ಇನ್ನೊಂದು ಬೀಸುವ ಕೈ, ದೂರದಿಂದಲೂ ಗೊತ್ತಾಗುತ್ತಿತ್ತು. ಆಮೇಲೆ ಮಿನುಗುವ ದೀಪ ಬಂತು, ಈ ಭಾಗದವರು ಅದನ್ನು ಇಂಡಿಕೇಟರ್ ಎಂದೇ ಕರೆಯುತ್ತಾರೆ. 1988ರ ಕಾಯ್ದೆಯ 121ನೆಯ ಕಲಮು ಯಾವ ಸನ್ನೆಗಳಿಗೆ ಕೈಯ ಬದಲು ಯಂತ್ರ ಅಥವಾ ವಿದ್ಯುತ್ ಸಾಧನ ಬಳಸಬಹುದೆಂದು ಹೇಳುತ್ತದೆ: ಬಲಕ್ಕೆ ತಿರುಗಲು, ಎಡಕ್ಕೆ ತಿರುಗಲು, ನಿಲ್ಲಲು. ಹಿಂದಿಕ್ಕಲು ಅನುಮತಿ ಕೊಡುವ ಸನ್ನೆ ಆ ಪಟ್ಟಿಯಲ್ಲಿಲ್ಲ. ಅಂದರೆ ಬಲಗಡೆಯ ದೀಪಕ್ಕೆ ಕಾನೂನಿನಲ್ಲಿ ತಿರುವಿನ ಅರ್ಥವುಂಟು, ‘ಸೈಡ್ ಕೊಟ್ಟೆ’ ಎಂಬ ಅರ್ಥ ಎಂದೂ ಇರಲಿಲ್ಲ. ಆದರೆ 6ನೆಯ ನಿಯಮ ಮುಂದಿನವನ ಸನ್ನೆಯಿಲ್ಲದೆ ಹೋಗಬೇಡ ಎಂದಿತು. ಕೈ ಹೊರಹಾಕುವ ರೂಢಿ ತಪ್ಪಿತು. ಸನ್ನೆಯ ಅಗತ್ಯ ಉಳಿಯಿತು. ಹೀಗೆ ಅನಾಥವಾದ ಆ ಅರ್ಥ ಬಲಗಡೆಯ ದೀಪವನ್ನು ಬಂದು ಆಶ್ರಯಿಸಿತು ಎಂಬುದು ನನ್ನ ಊಹೆ. ಇದು ಊಹೆಯಾದರೂ ಕಾನೂನಿನ ಎರಡು ಪಠ್ಯಗಳ ನಡುವಿನ ಈ ತೆರಪು ಊಹೆಯಲ್ಲ.

‘ಸೈಡ್’ ಎಂಬ ಪದದಲ್ಲೂ ಇದೇ ಗೊಂದಲವಿದೆ. ‘ಸೈಡ್ ಕೊಡು’ ಎಂದರೆ ದಾರಿ ಬಿಡು, ‘ಸೈಡ್ ಹೊಡಿ’ ಎಂದರೆ ಹಿಂದಿಕ್ಕು, ‘ಸೈಡಿಗೆ ಹಾಕು’ ಎಂದರೆ ಅಂಚಿಗೆ ನಿಲ್ಲಿಸು. ಕೊಡು ಎನ್ನುವ ಕ್ರಿಯಾಪದ ಇದನ್ನು ಒಬ್ಬ ಒಬ್ಬನಿಗೆ ಮಾಡುವ ಉಪಕಾರವಾಗಿಸುತ್ತದೆ. ಅಡ್ಡರಸ್ತೆಯಿಂದ ಬರುವ ಮೂರನೆಯವನಿಗೆ ಈ ಕೊಡುಕೊಳ್ಳುವಿಕೆಯಲ್ಲಿ ಜಾಗವೇ ಇಲ್ಲ. ಸೈಡ್ ಕೊಟ್ಟವನಿಗೆ ಊರಿನ ದಾರಿ ಕಾಣದಿರಬಹುದು, ಪಡೆದವನಿಗೆ ಟ್ರಾಲಿಯ ಆಚೆ ಏನೂ ಕಾಣುವುದಿಲ್ಲ. ಲಾರಿಗಳ ಬೆನ್ನ ಮೇಲಿನ ‘ಹಾರ್ನ್ ಓಕೆ ಪ್ಲೀಸ್’ ಬರಹವನ್ನು ಮಹಾರಾಷ್ಟ್ರ 2015ರಲ್ಲಿ ನಿಷೇಧಿಸಿದ್ದು ಸದ್ದಿನ ಕಾರಣಕ್ಕೆ. ಕೇಳಿ ಪಡೆಯುವ ಈ ಪದ್ಧತಿಯನ್ನು ಯಾರೂ ಮುಟ್ಟಲಿಲ್ಲ.

ಶಿಕ್ಷೆಯ ವಿಷಯ ಚಿಕ್ಕದು. 2019ರ ತಿದ್ದುಪಡಿ ಕಾನೂನಿಗೆ ವಿರುದ್ಧವಾಗಿ ಹಿಂದಿಕ್ಕುವುದನ್ನು 184ನೆಯ ಕಲಮಿನ ಅಪಾಯಕಾರಿ ಚಾಲನೆಯಲ್ಲಿ ಸೇರಿಸಿತು. ಮೊದಲ ತಪ್ಪಿಗೆ ಆರು ತಿಂಗಳಿಂದ ಒಂದು ವರ್ಷದ ಸೆರೆ, ಅಥವಾ 1,000ದಿಂದ 5,000 ರೂಪಾಯಿ ದಂಡ, ಅಥವಾ ಎರಡೂ. ಕಾವಲು ಇಲ್ಲದ ಪಾಟಿಯಲ್ಲಿ ಇದು ಅಪಘಾತವಾದ ಮೇಲೆ ನೆನಪಾಗುವ ಕಲಮು.

ಅದಕ್ಕಿಂತ ಗೆರೆ ಮೇಲು. ರಸ್ತೆಯ ನಡುವಿನ ಕಡಿದ ಗೆರೆಯನ್ನು ದಾಟಿ ಹಿಂದಿಕ್ಕಬಹುದು, ಅಖಂಡ ಗೆರೆಯನ್ನು ದಾಟಬಾರದು. ರೋಡ್ಸ್ ಕಾಂಗ್ರೆಸ್ಸಿನ 35ನೆಯ ಸಂಹಿತೆ ಕೂಡುದಾರಿಯ ಮುನ್ನ ಗೆರೆಯನ್ನು ಅಖಂಡಗೊಳಿಸಲು ಹೇಳುತ್ತದೆ. ಮೂರು ನಿಯಮಗಳನ್ನು ಕೂಡಿಸಿ ಓದುವ ಕೆಲಸವನ್ನು ಬಣ್ಣದ ಗೆರೆಯೇ ಚಾಲಕನ ಪರವಾಗಿ ಮಾಡಿಕೊಡುತ್ತದೆ. ದೊಡ್ಡ ಚೌಕಗಳಲ್ಲಷ್ಟೇ ಅಲ್ಲ, ಪಾಟಿ ಎಂದು ಜನ ಹೆಸರಿಟ್ಟು ಕರೆಯುವ ಪ್ರತಿ ಜಾಗದಲ್ಲೂ ಅದು ಇರಬೇಕು. ಜನರ ನಾಲಗೆಯೇ ಇಲ್ಲಿ ಸರಿಯಾದ ಸಮೀಕ್ಷೆ. ಮೇಲಿನ ಲೆಕ್ಕದಂತೆ ಈ ಸೀಮೆಯಲ್ಲಿ ಆ ಅಖಂಡ ಗೆರೆ ಎರಡೂ ಬದಿಗೆ 80 ಮೀಟರಿಗಿಂತ ಕಡಿಮೆ ಇರಬಾರದು.

ಗೆರೆ ಬರೆದರೂ ಕಬ್ಬು ಉಳಿಯುತ್ತದೆ. ದೃಷ್ಟಿದೂರದ ಲೆಕ್ಕದಲ್ಲಿ ಚಾಲಕನ ಕಣ್ಣು ನೆಲದಿಂದ 1.2 ಮೀಟರ್ ಎತ್ತರ. ಬೆಳೆದ ಕಬ್ಬು ಅದರ ಎರಡು ಪಟ್ಟು ಮೀರುತ್ತದೆ, ತೊಗರಿಯೂ ಕಣ್ಣನ್ನು ಮರೆಮಾಡುತ್ತದೆ. ಅಡ್ಡರಸ್ತೆಯಲ್ಲಿ 15 ಮೀಟರ್ ಹಿಂದೆ ನಿಂತವನಿಗೆ, 50 ಕಿ.ಮೀ. ವೇಗದ ಮುಖ್ಯರಸ್ತೆ 110 ಮೀಟರ್ ದೂರದವರೆಗೆ ಕಾಣಬೇಕು ಎಂಬುದು ರೂಢಿಯ ಅಳತೆ. ಈ ಎರಡು ಅಳತೆಗಳ ನಡುವೆ ಏರ್ಪಡುವ ತ್ರಿಕೋನ ಒಂದು ಬದಿಗೆ 825 ಚದರ ಮೀಟರ್, ಎಂದರೆ ಸುಮಾರು 8 ಗುಂಟೆ. ಸ್ವಲ್ಪ ಭಾಗ ರಸ್ತೆಯ ಅಂಚಿನದು, ಉಳಿದದ್ದು ಯಾರೋ ಒಬ್ಬ ರೈತನದು. ಅದನ್ನು ಬೀಳು ಬಿಡು ಎನ್ನುವುದು ಅನ್ಯಾಯ. ಅಷ್ಟು ನೆಲದಲ್ಲಿ ಕಬ್ಬು, ತೊಗರಿಯ ಬದಲು ಸೋಯಾ, ಹೆಸರು, ಹಿಂಗಾರಿಗೆ ಕಡಲೆ ಹಾಕಿದರೆ ಕಣ್ಣಿಗೆ ದಾರಿ ಬಿಡುತ್ತದೆ. ಕಬ್ಬಿಗೂ ಕಡಲೆಗೂ ಆದಾಯದಲ್ಲಿ ಬರುವ ವ್ಯತ್ಯಾಸವನ್ನು ಆ 8 ಗುಂಟೆಗೆ ಲೆಕ್ಕ ಹಾಕಿ, ಪ್ರತಿ ಹಂಗಾಮಿಗೆ, ರಸ್ತೆ ನಿರ್ವಹಣೆಯ ಹಣದಿಂದಲೇ ಆ ರೈತನಿಗೆ ಕೊಡಬೇಕು.