ಕ್ರೀಕ್ ದಂಡೆಯ ಹಳೆಯ ನೆಂಟಸ್ತಿಕೆ

ಗಲ್ಫಿಗೂ ನಮಗೂ ನೆಂಟಸ್ತಿಕೆ ಯಾವಾಗಿನದು ಅಂತ ಕೇಳಿದರೆ ನಮ್ಮಲ್ಲಿ ಹೆಚ್ಚಿನವರು ಎಪ್ಪತ್ತರ ದಶಕದ ಎಣ್ಣೆ, ವೀಸಾ, ವಿಮಾನದ ಲೆಕ್ಕ ಹೇಳುತ್ತೇವೆ. ರಜೆಯ ದಿನ ಸಂಜೆ ದುಬೈ ಕ್ರೀಕಿನ ದೇರಾ ದಂಡೆಯಲ್ಲಿ ನಿಂತರೆ ಈ ಲೆಕ್ಕ ತೀರಾ ಚಿಕ್ಕದು ಅನ್ನಿಸುತ್ತದೆ. ಒಂದಕ್ಕೊಂದು ತಾಗಿ ಕಟ್ಟಿದ ಮರದ ಹಡಗುಗಳು, ನೆಲದ ಮೇಲೆ ಟೈರು, ಫ್ರಿಜ್ಜು, ಮೂಟೆಗಳ ರಾಶಿ, ಹಗ್ಗದ ಮೇಲೆ ಒಣಗುವ ಲುಂಗಿ. ಹಾಯಿ ಹೋಗಿ ಇಂಜಿನ್ ಬಂದಿದೆ. ಮೂಟೆ ಹೊರುವ ಹೆಗಲು ಮಾತ್ರ ಅದೇ.

ಹಾಯಿಯ ಕಾಲದಲ್ಲಿ ಟೈಮ್ ಟೇಬಲ್ ಗಾಳಿಯದ್ದು. ಚಳಿಗಾಲದ ಈಶಾನ್ಯ ಗಾಳಿ ನಮ್ಮ ಕರಾವಳಿಯ ಹಡಗುಗಳನ್ನು ಅರಬ್ ದಡಕ್ಕೆ ಒಯ್ಯುತ್ತಿತ್ತು, ನೈಋತ್ಯ ಗಾಳಿ ತಿರುಗಿ ತರುತ್ತಿತ್ತು. ಮಳೆಗಾಲದ ಅಬ್ಬರದಲ್ಲಿ ನಮ್ಮ ಬಂದರುಗಳು ಬಂದ್. ಇಲ್ಲಿಂದ ಅಕ್ಕಿ, ಕರಿಮೆಣಸು ಹೋದವು, ಹೊರ್ಮುಜ್‌ನ ಕುದುರೆಗಳು ಭಟ್ಕಳದಲ್ಲಿಳಿದು ಘಟ್ಟ ಹತ್ತಿ ವಿಜಯನಗರ ಸೇರಿದವು. 1443ರಲ್ಲಿ ರಾಯಭಾರಿ ಅಬ್ದುಲ್ ರಜಾಕ್ ವಿಜಯನಗರಕ್ಕೆ ಹೋದದ್ದೂ ಮಂಗಳೂರಿನಲ್ಲಿ ಇಳಿದೇ.

ಅದಕ್ಕೂ ಮುನ್ನೂರು ವರ್ಷ ಹಿಂದೆ ಮಂಗಳೂರಿನಲ್ಲಿ ಅಬ್ರಹಾಂ ಬೆನ್ ಯಿಜು ಎಂಬ ಯಹೂದಿ ವ್ಯಾಪಾರಿ ಇದ್ದ. ಅವನ ಆಳು ಬೊಮ್ಮ. ಒಡೆಯನ ವ್ಯವಹಾರ ಹೊತ್ತು ಏಡನ್‌ಗೆ ಹೋಗಿಬಂದವನು. ಅಲ್ಲಿನ ವ್ಯಾಪಾರಿಗಳು ಕಾಗದ ಬರೆಯುವಾಗ ಬೊಮ್ಮನಿಗೂ ಕ್ಷೇಮ ಕೇಳುತ್ತಿದ್ದರು. ಆ ಕಾಗದಗಳು ಕೈರೋದ ಹಳೆಯ ಯಹೂದಿ ಪ್ರಾರ್ಥನಾ ಮಂದಿರದಲ್ಲಿ ಉಳಿದುಕೊಂಡವು. ಅಮಿತಾವ್ ಘೋಷ್ ಅವನ್ನು ಬೆನ್ನು ಹತ್ತಿ ಬೊಮ್ಮ ತುಳುನಾಡಿನವನೆಂದು ಬರೆದರು.

ಇನ್ನು ನಮ್ಮ ಹಿರಿಯರ ಕಾಲ. ಹೂಳು ತುಂಬಿದ್ದ ಕ್ರೀಕನ್ನು ಶೇಖ್ ರಾಶಿದ್ ತೋಡಿಸಿದ್ದರಿಂದ 1961ರ ಹೊತ್ತಿಗೆ ದೊಡ್ಡ ಹಡಗುಗಳು ಒಳಬಂದವು. ಆಗ ಇಲ್ಲಿ ನಡೆಯುತ್ತಿದ್ದುದು ನಮ್ಮ ರೂಪಾಯಿಯೇ. 1959ರಲ್ಲಿ ರಿಸರ್ವ್ ಬ್ಯಾಂಕ್ ಗಲ್ಫಿಗೆಂದು ಬೇರೆ ನೋಟು ಅಚ್ಚು ಹಾಕಿಸಿತ್ತು. 1966ರವರೆಗೆ ದುಬೈಯಲ್ಲಿ ಅದು ಚಲಾವಣೆಯಲ್ಲಿತ್ತು. ಅತ್ತ ಊರಲ್ಲಿ 1974ರಲ್ಲಿ ಪಣಂಬೂರಿನ ನವಮಂಗಳೂರು ಬಂದರು ಶುರುವಾಯಿತು. ದೊಡ್ಡ ಹಡಗುಗಳು ಆಚೆ ಹೋದವು. ಹಳೆ ಬಂದರಿನ ಮಂಜಿಗಳು ಮಾತ್ರ ಲಕ್ಷದ್ವೀಪಕ್ಕೆ ಅಕ್ಕಿ, ತರಕಾರಿ, ಕಟ್ಟಡದ ಸಾಮಾನು ಹೇರುವ ಕೆಲಸ ಬಿಡಲಿಲ್ಲ.

ಚರಿತ್ರೆಯಲ್ಲಿ ರಾಜರ, ರಾಯಭಾರಿಗಳ ಹೆಸರು ತಾನಾಗಿ ಉಳಿಯುತ್ತದೆ. ಹಡಗಿಗೆ ಸರಕು ಹೊತ್ತವರದ್ದು ಹಾಗಲ್ಲ. ಬೊಮ್ಮ ಉಳಿದದ್ದು ಯಾರೋ ಕಾಗದದಲ್ಲಿ ಒಂದು ಸಾಲು ಬರೆದರು ಅನ್ನುವ ಕಾರಣಕ್ಕೆ. ಹಡಗು ಹತ್ತಿ ಬಂದ ಹಿರಿಯರು ನಮ್ಮ ನಡುವೆ ಇನ್ನೂ ಕೆಲವರಿದ್ದಾರೆ. ಯಾವ ಬಂದರಿನಿಂದ ಹೊರಟಿರಿ, ಎಷ್ಟು ದಿನ ಹಿಡಿಯಿತು, ಜೊತೆಗೆ ಯಾರಿದ್ದರು ಅಂತ ಈ ರಜೆಯಲ್ಲೇ ಅವರನ್ನು ಕೇಳಿ ಬರೆದಿಡೋಣ. ಮುಂದಿನ ಸಂಚಿಕೆಗೆ ಅದಕ್ಕಿಂತ ಒಳ್ಳೆಯ ಲೇಖನ ಬೇಕಿಲ್ಲ.