ಗೋಥರ ಹೆಸರು, ಗೋಥರ ಮಾತು

ಮೈಸೂರಿನ ಸಂತ ಫಿಲೋಮಿನಾ ಚರ್ಚಿನ ಬಗ್ಗೆ ಯಾವ ಪುಸ್ತಕ ತೆರೆದರೂ ‘ಗೋಥಿಕ್ ಶೈಲಿ’ ಎಂಬ ಮಾತು ಸಿಗುತ್ತದೆ. ಹೇಮಾವತಿಯ ಹಿನ್ನೀರಿನಲ್ಲಿ ಮಳೆಗಾಲಕ್ಕೆ ಅರ್ಧ ಮುಳುಗುವ ಶೆಟ್ಟಿಹಳ್ಳಿಯ ಹಾಳು ಚರ್ಚಿಗೂ ಅದೇ ವಿಶೇಷಣ. ಮೊನೆಚಾದ ಗೋಪುರ, ಚೂಪು ಕಮಾನು, ಬಣ್ಣದ ಗಾಜಿನ ಎತ್ತರದ ಕಿಟಕಿ ಇಷ್ಟು ಕಂಡರೆ ನಾವು ಗೋಥಿಕ್ ಅಂದುಬಿಡುತ್ತೇವೆ. ಆದರೆ ಆ ಪದದ ಒಡಲಲ್ಲಿರುವ ಗೋಥರೆಂಬ ಜನ ಇಂಥ ಒಂದು ಗುಡಿಯನ್ನೂ ಕಟ್ಟಿದವರಲ್ಲ. ಪ್ಯಾರಿಸ್ಸಿನ ಹತ್ತಿರದ ಸಾಂ ದೆನಿಯಲ್ಲಿ ಮಠಾಧಿಪತಿ ಸುಜೇ ತಾನು ಹೊಸದಾಗಿ ಕಟ್ಟಿಸಿದ ಭಾಗವನ್ನು 1144ರಲ್ಲಿ ಪ್ರತಿಷ್ಠೆ ಮಾಡಿಸಿ, ಈ ಶೈಲಿಗೊಂದು ರೂಪ ನಿಂತ ಹೊತ್ತಿಗೆ, ಸ್ಪೇನಿನಲ್ಲಿದ್ದ ಗೋಥರ ಕೊನೆಯ ದೊಡ್ಡ ರಾಜ್ಯ ಅಳಿದು ನಾಲ್ಕು ಶತಮಾನಗಳು ಕಳೆದಿದ್ದವು. ಮಧ್ಯಯುಗದ ಲ್ಯಾಟಿನ್ನಿನಲ್ಲಿ ಈ ಬಗೆಯ ಕಟ್ಟಡಕ್ಕೆ ‘ಫ್ರೆಂಚರ ಕೆಲಸ’ ಎಂಬರ್ಥದ ಹೆಸರಿತ್ತು.

ಗೋಥರ ಹೆಸರು ಅದಕ್ಕೆ ಅಂಟಿದ್ದು ಬೈಗುಳವಾಗಿ. ಲ್ಯಾಟಿನ್ನನ್ನು ಅದರ ಪ್ರಾಚೀನ ಶುದ್ಧಿಗೆ ಮರಳಿಸಬೇಕೆಂದು ಹಟ ತೊಟ್ಟಿದ್ದ 15ನೆಯ ಶತಮಾನದ ಲೊರೆಂಜೊ ವಲ್ಲ ತನಗೆ ಹಿಡಿಸದ ಮಧ್ಯಯುಗದ ಲಿಪಿಯನ್ನು ಗೋಥರ ಬರಹವೆಂದು ಹಳಿದ. 1550ರಲ್ಲಿ ಕಲಾವಿದರ ಚರಿತ್ರೆಗಳನ್ನು ಪ್ರಕಟಿಸಿದ ಜಾರ್ಜೊ ವಸಾರಿ ಚೂಪು ಕಮಾನುಗಳ ಅಪರಾಧವನ್ನೂ ಗೋಥರ ತಲೆಗೆ ಕಟ್ಟಿದ. ರೋಮನ್ನು ಲೂಟಿಮಾಡಿದವರು ಎಂಬ ನೆನಪು ಇಟಲಿಯಲ್ಲಿ ಮಾಸಿರಲಿಲ್ಲವಾದ್ದರಿಂದ, ಒರಟಾದದ್ದು, ಅಳತೆಗೆಟ್ಟದ್ದು, ಹಳೆಯ ಸೊಗಸನ್ನು ಕೆಡಿಸಿದ್ದು ಎಲ್ಲವೂ ಗೋಥಿಕ್ ಆಯಿತು. ನಮ್ಮ ಹಳಗನ್ನಡದ ‘ನಾಱು’ ಒಮ್ಮೆ ಪರಿಮಳಕ್ಕೂ ಸಲ್ಲುತ್ತಿದ್ದು ಈಗ ದುರ್ನಾತಕ್ಕೆ ಮಾತ್ರ ಉಳಿದಿದೆ. ಗೋಥಿಕ್ಕಿನ ನಡೆ ಇದಕ್ಕೆ ತಿರುಗುಮುರುಗು, ನಿಂದೆಯಿಂದ ಗೌರವಕ್ಕೆ. 1764ರ ಕೊನೆಗೆ ಹೊರಬಂದ ‘ದಿ ಕ್ಯಾಸಲ್ ಆಫ್ ಒಟ್ರಾಂಟೊ’ ಕಾದಂಬರಿಯ ಎರಡನೆಯ ಮುದ್ರಣಕ್ಕೆ ಹೊರೇಸ್ ವಾಲ್‌ಪೋಲ್ ‘ಒಂದು ಗೋಥಿಕ್ ಕಥೆ’ ಎಂದು ಉಪಶೀರ್ಷಿಕೆ ಕೊಟ್ಟ ಮೇಲೆ ಪದಕ್ಕೆ ಪಾಳುಕೋಟೆ, ಸುರಂಗ, ಪಿಶಾಚಿ, ಭಯ ಇವೆಲ್ಲ ಸೇರಿಕೊಂಡವು. 1834ರ ಬೆಂಕಿಗೆ ಸುಟ್ಟ ಲಂಡನ್ನಿನ ಸಂಸತ್ ಭವನವನ್ನು ಮತ್ತೆ ಕಟ್ಟಿದಾಗ ಅದೇ ಪದ ರಾಷ್ಟ್ರಗೌರವದ ಶೈಲಿಯ ಹೆಸರಾಗಿತ್ತು. ಕಳೆದ ಶತಮಾನದ ಕೊನೆಯ ದಶಕಗಳಲ್ಲಿ ಕಪ್ಪು ಬಟ್ಟೆ ತೊಟ್ಟು ವಿಷಾದದ ಸಂಗೀತ ಕೇಳುವ ತರುಣರೂ ‘ಗೋಥ್’ ಎನಿಸಿಕೊಂಡರು. ಅಚ್ಚಿನ ಮನೆಯಲ್ಲಂತೂ ಯುರೋಪಿನವರು ಮೂಲೆಮೂಲೆಗೆ ಮುರಿದ ಕರಿಯಕ್ಷರವನ್ನೂ, ಅಮೆರಿಕ ಮತ್ತು ಜಪಾನಿನವರು ಅದಕ್ಕೆ ಪೂರ್ತಿ ವಿರುದ್ಧವಾದ, ಬಾಲವಿಲ್ಲದ ಬೋಳು ಅಕ್ಷರವನ್ನೂ ಗೋಥಿಕ್ ಎಂದೇ ಕರೆಯುತ್ತಾರೆ.

ಇಷ್ಟೂ ಹೆಸರಿನ ಕಥೆ, ಮತ್ತು ಎಲ್ಲವೂ ಬೇರೆಯವರು ಇಟ್ಟದ್ದು. ಗೋಥರು ತಮ್ಮನ್ನು ತಾವು ಕರೆದುಕೊಂಡದ್ದು ಹೇಗೆ ಎಂಬುದು ಅವರ ಭಾಷೆಯಲ್ಲೇ ಉಳಿದಿರುವ ಒಂದು ಚರ್ಚ್ ಪಂಚಾಂಗದ ತುಣುಕಿನಲ್ಲಿದೆ: ಗುಟ್‌ಥಿಯುದ. ‘ಥಿಯುದ’ ಎಂದರೆ ಜನ. ಜರ್ಮನರ ‘ಡಾಯ್ಚ್’ ಮತ್ತು ನಾವು ಹೇಳುವ ‘ಡಚ್’ ಎರಡೂ ಆ ಮನೆಯವೇ. ‘ಗುಟ್’ ಎಂಬುದನ್ನು ಬಹುಮಂದಿ ಭಾಷಾವಿದರು ‘ಗಿಯುಟನ್’, ಅಂದರೆ ಸುರಿ, ಹೊಯ್ಯು ಎಂಬ ಧಾತುವಿಗೆ ಜೋಡಿಸುತ್ತಾರೆ. ಈ ಗಿಯುಟನ್ನಿನ ಮೂಲ ಇಂಡೋ-ಯುರೋಪಿಯನ್ ಧಾತುವೇ ಸಂಸ್ಕೃತದಲ್ಲಿ ‘ಹು’ ಆಗಿ, ಅಗ್ನಿಗೆ ತುಪ್ಪ ಸುರಿಯುವ ಕ್ರಿಯೆಯಾಗಿ, ಹೋಮ, ಹವಿಸ್ಸು, ಹೋತೃ, ಆಹುತಿ ಎಂದು ಕವಲೊಡೆದದ್ದು. ಗೋಥರು ಸುರಿದದ್ದು ಏನನ್ನು, ಕರಗಿಸಿದ ಲೋಹವನ್ನೋ, ಅಥವಾ ಧುಮ್ಮಿಕ್ಕುವ ಯಾವುದೋ ಹೊಳೆಯ ದಡದವರೆಂದು ಆ ಹೆಸರೋ, ಈ ಚರ್ಚೆ ಮುಗಿದಿಲ್ಲ. ನನಗೆ ಹೊಳೆಯ ವಾದವೇ ಹೆಚ್ಚು ಒಪ್ಪುತ್ತದೆ, ಏಕೆಂದರೆ ಸ್ವೀಡನ್ನಿನಲ್ಲಿ ಅದೇ ಬೇರಿನ ಯೋಟರು ಎಂಬ ಜನರೂ ಯೋಟ ಎಂಬ ನದಿಯೂ ಒಟ್ಟಿಗೇ ಇವೆ.

ಕ್ರಿ.ಶ. ಮೊದಲ ಶತಮಾನದ ಕೊನೆಯಲ್ಲಿ ಟ್ಯಾಸಿಟಸ್ ಇವರನ್ನು ಗೋತೋನರು ಎಂದು ಉತ್ತರದ ಜನರ ನಡುವೆ ಹೆಸರಿಸುತ್ತಾನೆ. ಇಂದಿನ ಪೋಲೆಂಡಿನ ವಿಸ್ಟುಲಾ ನದಿಯ ಸೀಮೆ ಅದು. 551ರ ಸುಮಾರಿಗೆ ಕಾನ್‌ಸ್ಟಾಂಟಿನೋಪಲ್ಲಿನಲ್ಲಿ ಗೋಥರ ಚರಿತ್ರೆ ಬರೆದ ಯೋರ್ಡಾನೆಸ್ ಇನ್ನೂ ಹಿಂದಕ್ಕೆ ಹೋಗಿ, ಬೆರಿಗ್ ಎಂಬ ಅರಸನೊಡನೆ ಮೂರು ಹಡಗುಗಳಲ್ಲಿ ಸ್ಕಾಂಡ್ಜ ದ್ವೀಪದಿಂದ ಬಂದವರು ಎನ್ನುತ್ತಾನೆ. ಹಿಂದೆ ಬಿದ್ದ ಮೂರನೆಯ ಹಡಗಿನವರಿಗೆ ನಿಧಾನಸ್ಥ ಎಂಬರ್ಥದ ಪದದಿಂದ ಗೆಪಿಡರು ಎಂಬ ಹೆಸರಾಯಿತಂತೆ. ಇದೇ ಯೋರ್ಡಾನೆಸ್ ಗೋಥರನ್ನು ಡ್ಯಾನ್ಯೂಬಿನ ದಡದ ಹಳೆಯ ಗೆಟೇ ಜನರೊಂದಿಗೆ ಬೆರೆಸಿ ಗ್ರಂಥಕ್ಕೇ ‘ಗೆಟಿಕ’ ಎಂಬ ಹೆಸರು ನಿಲ್ಲುವಂತೆ ಮಾಡಿದ. ಧ್ವನಿಸಾಮ್ಯದ ಸೆಳೆತ ಅಂಥದು. ನಮ್ಮ ಪಕ್ಕದ ಜುನ್ನರಿನ ಬೌದ್ಧ ಗುಹೆಗಳಲ್ಲಿ ನೀರಿನ ತೊಟ್ಟಿಗಳನ್ನು ದಾನ ಕೊಟ್ಟ ಇರಿಲನೆಂಬ ಯವನನ ಹೆಸರಿನೊಂದಿಗೆ ‘ಗತ’ ಎಂಬ ಪದ ಕಂಡು, ನಾರ್ವೆಯ ವಿದ್ವಾಂಸ ಸ್ಟೆನ್ ಕೊನೋವ್ 1912ರಲ್ಲಿ ಈತ ಗೋಥನೇ ಇರಬೇಕೆಂದು ಬರೆದ. ಇರಿಲ ಎಂಬ ಹೆಸರಿಗೆ ಗೋಥರ ವುಲ್ಫಿಲ, ತೋತಿಲ ಮೊದಲಾದವುಗಳ ಛಾಯೆಯೇನೋ ಇದೆ. ಆದರೆ ಎರಡಕ್ಷರದ ಹೋಲಿಕೆ ಅಷ್ಟು ದೊಡ್ಡ ಪಯಣವನ್ನು ಹೊರಲಾರದು.

ವಿಸ್ಟುಲಾದಿಂದ ಕಪ್ಪು ಸಮುದ್ರದ ಉತ್ತರಕ್ಕೆ, 376ರಲ್ಲಿ ಹೂಣರ ಒತ್ತಡಕ್ಕೆ ಡ್ಯಾನ್ಯೂಬ್ ದಾಟಿ ರೋಮನ್ ನೆಲಕ್ಕೆ, 410ರಲ್ಲಿ ಅಲಾರಿಕನೊಡನೆ ರೋಮ್ ನಗರದೊಳಕ್ಕೆ, ಆಮೇಲೆ ಒಂದು ಕವಲು ಟೂಲೂಸ್ ಮತ್ತು ಟೊಲೆಡೊಗೆ, ಇನ್ನೊಂದು ರವೆನ್ನಾಕ್ಕೆ: ಈ ದಾರಿ ಇತಿಹಾಸದ ಪುಸ್ತಕಗಳಲ್ಲಿ ಪರಿಚಿತವೇ. ಪಶ್ಚಿಮದವರು ವಿಸಿಗೋಥರು, ಪೂರ್ವದವರು ಆಸ್ಟ್ರೋಗೋಥರು ಎಂದು ನಾವು ಓದಿದ್ದೇವೆ. ಆದರೆ ‘ವಿಸಿ’ ಎಂಬುದು ಮೂಲತಃ ದಿಕ್ಕಲ್ಲ. ‘ವೆಸಿ’ ಎಂದರೆ ಉತ್ತಮರು, ನಮ್ಮ ‘ವಸು’ವಿನ ಬಂಧು ಎಂದೇ ಹಲವರ ಅಭಿಪ್ರಾಯ, ‘ಆಸ್ಟ್ರೋ’ದಲ್ಲಿರುವುದು ‘ಉಷಸ್ಸಿ’ನ ಬೆಳಕು. ಬೆಳಕಿನವರು, ಒಳ್ಳೆಯವರು ಎಂಬ ಹೊಗಳಿಕೆಯ ಜೋಡಿ ಕಾಲಾಂತರದಲ್ಲಿ ಬರಿಯ ಪೂರ್ವ, ಪಶ್ಚಿಮ ಎಂದು ಒಣಗಿತು.

ಭಾಷೆಗೆ ಅಕ್ಷರ ಬಂದದ್ದು ವುಲ್ಫಿಲನಿಂದ. ಹೆಸರಿನ ಅರ್ಥ ಪುಟ್ಟ ತೋಳ. ‘ವುಲ್ಫ್ಸ್’ ನಮ್ಮ ‘ವೃಕ’, ಭೀಮನಿಗೆ ವೃಕೋದರನೆಂಬ ಹೆಸರು ತಂದ ಅದೇ ತೋಳ. 4ನೆಯ ಶತಮಾನದ ಈ ಬಿಷಪ್ ಗೋಥರಿಗಾಗಿ ಲಿಪಿ ರೂಪಿಸಿ ಬೈಬಲ್ಲನ್ನು ಅನುವಾದಿಸಿದ. ಯುದ್ಧಪ್ರಿಯರಿಗೆ ಇನ್ನಷ್ಟು ಯುದ್ಧದ ಕಥೆ ಬೇಡವೆಂದು ಅರಸರ ಗ್ರಂಥಗಳನ್ನು ಕೈಬಿಟ್ಟನೆಂದು ಚರ್ಚ್ ಇತಿಹಾಸಕಾರ ಫಿಲೊಸ್ಟೋರ್ಜಿಯಸ್ ಹೇಳುತ್ತಾನೆ. ಆ ಅನುವಾದದ ಒಂದು ಪ್ರತಿ, ನೇರಳೆ ಬಣ್ಣದ ಚರ್ಮಪತ್ರದ ಮೇಲೆ ಬೆಳ್ಳಿ ಮತ್ತು ಚಿನ್ನದ ಶಾಯಿಯಲ್ಲಿ ಬರೆದದ್ದು, ಸ್ವೀಡನ್ನಿನ ಉಪ್ಸಾಲದಲ್ಲಿದೆ. 1648ರಲ್ಲಿ ಸ್ವೀಡಿಷ್ ಸೈನಿಕರು ಪ್ರಾಗ್‌ನಿಂದ ಕೊಳ್ಳೆಹೊಡೆದು ತಂದ ವಸ್ತುಗಳಲ್ಲಿ ಅದೂ ಒಂದು. ಗೋಥರ ಭಾಷೆ ಇಂದು ನಮಗೆ ತಿಳಿದಿರುವುದು ಬಹುಪಾಲು ಈ ಹಾಳೆಗಳಿಂದ.

ಇನ್ನು ಗೋಥರು ನಿಜವಾಗಿ ಬಿಟ್ಟುಹೋದ ಮಾತುಗಳು. ಕೋಟೆಕೊತ್ತಲ, ಕಿರೀಟ, ಕತ್ತಿಗಳಲ್ಲಿ ಹುಡುಕಿದರೆ ಹೆಚ್ಚು ಸಿಗವು. ಹುಡುಕಬೇಕಾದದ್ದು ಒಲೆಯ ಪಕ್ಕ, ಸಂತೆಯಲ್ಲಿ, ಸುಂಕದ ಕಟ್ಟೆಯಲ್ಲಿ. ರಷ್ಯನ್ನರು ರೊಟ್ಟಿಗೆ ‘ಖ್ಲೆಬ್’ ಎನ್ನುತ್ತಾರೆ, ಪೋಲರು, ಚೆಕ್ಕರು, ಬಲ್ಗೇರಿಯನ್ನರು ಸಣ್ಣಪುಟ್ಟ ಉಚ್ಚಾರಭೇದದೊಂದಿಗೆ ಅದನ್ನೇ ಹೇಳುತ್ತಾರೆ. ಅದು ಗೋಥರ ‘ಹ್ಲೈಫ್ಸ್’ ಎಂದು ಭಾಷಾವಿದರು ಗುರುತಿಸುತ್ತಾರೆ. ಲ್ಯಾಟಿನ್ನಿನಲ್ಲಿ ‘ಕೌಪೊ’ ಎಂದರೆ ಛತ್ರದ ಕಿರುವ್ಯಾಪಾರಿ. ಗಡಿಯಲ್ಲಿ ಅವನೊಡನೆ ಕೊಡುಕೊಳ್ಳುವಿಕೆ ನಡೆಸಿದ ಗೋಥರು ವ್ಯಾಪಾರ ಮಾಡುವುದಕ್ಕೇ ‘ಕೌಪೋನ್’ ಎಂದರು. ಅದನ್ನು ಕೇಳಿದ ಸ್ಲಾವರ ಬಾಯಲ್ಲಿ ಅದು ‘ಕುಪಿತಿ’, ಕೊಳ್ಳು, ಆಯಿತು. ಗಾಜಿಗೆ, ಹಂಡೆಗೆ, ಕತ್ತೆಗೆ ಸ್ಲಾವ್ ಭಾಷೆಗಳಲ್ಲಿರುವ ಪದಗಳೂ ಇದೇ ಗಡಿದಾಟಿನವು. ಆಸ್ಟ್ರಿಯದ ಹೆದ್ದಾರಿಯಲ್ಲಿ ಇಂದು ವಾಹನದವರು ಕಟ್ಟುವ ಸುಂಕ ‘ಮೌಟ್’. ವುಲ್ಫಿಲನ ಬೈಬಲ್ಲಿನಲ್ಲಿ ಸುಂಕದ ಕಟ್ಟೆ ‘ಮೋಟ’. ಬವೇರಿಯದ ಹಳ್ಳಿಯ ಮಾತಿನಲ್ಲಿ ಗುರುವಾರಕ್ಕೆ ‘ಫಿಂಟ್ಸ್‌ಟಾಗ್’ ಎಂಬ ಹೆಸರಿತ್ತು. ಗ್ರೀಕರ ಚರ್ಚಿನಲ್ಲಿ ವಾರದ ಐದನೆಯ ದಿನ ‘ಪೆಂಪ್ಟೆ’, ನಮ್ಮ ಪಂಚಮಿಯ ಸೋದರಿ. ಅದು ಗೋಥ್ ಕ್ರೈಸ್ತರ ಮೂಲಕವೇ ಆಲ್ಪ್ಸ್ ತಪ್ಪಲಿಗೆ ಬಂದಿರಬೇಕೆಂದು ತಜ್ಞರ ಊಹೆ.

ಸ್ಪೇನಿನಲ್ಲಿ ಉಡುಪಿಗೆ ‘ರೋಪ’ ಎಂಬ ಸರ್ವಸಾಧಾರಣ ಪದವಿದೆ. ಅದರ ಮೂಲ ‘ರೌಪ’, ಕೊಳ್ಳೆಯ ಮಾಲು. ಕಾಳಗದಲ್ಲಿ ಬಿದ್ದವನ ಮೈಮೇಲಿಂದ ಕಿತ್ತುಕೊಂಡದ್ದು ಮೊದಲು, ಆಮೇಲೆ ಮನೆಯ ಸರಕು, ಕೊನೆಗೆ ಹೆಂಗಸರು ಹಗ್ಗದ ಮೇಲೆ ಒಣಹಾಕುವ ಬಟ್ಟೆಬರೆ. ಒಂದು ಪದದ ನೆತ್ತರು ತೊಳೆದುಹೋಗಲು ಎಷ್ಟು ತಲೆಮಾರು ಬೇಕಾಯಿತೋ! ಬಾತುಕೋಳಿಯ ಜಾತಿಯ ಹಕ್ಕಿಗೆ ಅವರು ‘ಗಾನ್ಸೊ’ ಎನ್ನುತ್ತಾರೆ, ಗೋಥರ ‘ಗನ್ಸ್’. ಇದು ಸಂಸ್ಕೃತದ ‘ಹಂಸ’ವೇ, ನಮ್ಮ ಹಳಗನ್ನಡ ಕವಿಗಳ ‘ಅಂಚೆ’ಯೇ. ಗೂಢಚಾರ ‘ಎಸ್ಪಿಯ’ ಬಹುಶಃ ಗೋಥರ ‘ಸ್ಪೈಹ’ದಿಂದ ಬಂದವನು, ಸಂಸ್ಕೃತದ ‘ಸ್ಪಶ’ನ ದಾಯಾದಿ. ಅರಸನ ಆಜ್ಞೆಯನ್ನು ಜಾರಿಮಾಡುತ್ತಿದ್ದ ಗೌರವದ ಅಧಿಕಾರಿ ‘ಸಾಯೊ’ ಸ್ಪೇನಿನಲ್ಲಿ ‘ಸಯೋನ್’ ಆಗಿ, ವಧೆಗಾರನಾಗಿ ಇಳಿದ. ಥಿಯುದ ಪದವನ್ನೇ ಹೊತ್ತ ಥಿಯುದರೀಕ್ಸ್, ಜನರ ರಾಜ, ರವೆನ್ನಾದಿಂದ ಇಟಲಿಯನ್ನಾಳಿದ ಥಿಯೊಡೊರಿಕನ ಹೆಸರು. ಅದರ ಡಚ್ ರೂಪದಿಂದ ಬಂದ ಡೆರಿಕ್ ಎಂಬ ಹೆಸರಿನವನೊಬ್ಬ 1600ರ ಸುಮಾರಿಗೆ ಲಂಡನ್ನಿನಲ್ಲಿ ನೇಣುಗಾರನಾಗಿದ್ದ ಕಾರಣಕ್ಕೆ ಗಲ್ಲುಗಂಬವೂ, ಆ ಆಕಾರದ ಭಾರ ಎತ್ತುವ ಯಂತ್ರವೂ, ಎಣ್ಣೆಬಾವಿಯ ಮೇಲಿನ ಗೋಪುರವೂ ಡೆರಿಕ್ ಆದವು. ರೊಡ್ರಿಗೊ, ಫೆರ್ನಾಂಡೊ, ಅಲ್ಫೊನ್ಸೊ, ಗೊನ್ಸಾಲೊ, ಎಲ್ವಿರ ಇವರೆಲ್ಲ ಗೋಥರ ನಾಮಕರಣದ ಮಕ್ಕಳು.

ಆಚಾರವೂ ಹೀಗೆಯೇ ಇಳಿದುಬಂತು. 397ರಲ್ಲಿ ರೋಮ್ ನಗರದೊಳಗೆ ಷರಾಯಿ ತೊಡಬಾರದೆಂದು ಚಕ್ರವರ್ತಿಗಳು ಕಾನೂನು ಹೊರಡಿಸಬೇಕಾಯಿತು ಎಂದರೆ ಉತ್ತರದವರ ಉಡುಗೆ ಆಗಲೇ ಎಷ್ಟು ಹಬ್ಬಿತ್ತೆಂದು ಊಹಿಸಬಹುದು. 654ರಲ್ಲಿ ಟೊಲೆಡೊದ ಅರಸ ರೆಕೆಸ್ವಿಂತ್ ಹೊರಡಿಸಿದ ಸಂಹಿತೆ ಗೋಥರಿಗೂ ರೋಮನ್ನರಿಗೂ ಒಂದೇ ನ್ಯಾಯ ಎಂದಿತು. ತಂದೆತಾಯಿ ಮರಣಶಾಸನ ಬರೆಯದೆ ತೀರಿಕೊಂಡರೆ ಹೆಣ್ಣುಮಕ್ಕಳಿಗೂ ಗಂಡುಮಕ್ಕಳಷ್ಟೇ ಪಾಲು ಎಂದಿತು. ರಾಜ್ಯ 711ರಲ್ಲಿ ಕುಸಿದರೂ ಸಂಹಿತೆ ಉಳಿದು 13ನೆಯ ಶತಮಾನದಲ್ಲಿ ‘ಫುಯೆರೊ ಹುಸ್ಗೊ’ ಎಂಬ ಹೆಸರಿನಲ್ಲಿ ಸ್ಪ್ಯಾನಿಷಿಗೆ ಬಂತು. ಗೋಥರ ಭಾಷೆ ಸತ್ತ ನಾಡಿನಲ್ಲಿ ಗೋಥರ ವಂಶಸ್ಥ ಎನಿಸಿಕೊಳ್ಳುವುದು ಕುಲೀನತೆಯ ಗುರುತಾಯಿತು. ಆದರೆ ಕಡಲಾಚೆ ‘ಗೋದೊ’ ಮತ್ತೆ ಬೈಗುಳ: ಕ್ಯಾನರಿ ದ್ವೀಪದವರಿಗೆ ಅದು ಗರ್ವದ ಸ್ಪೇನಿನವನು, ಕೊಲಂಬಿಯದಲ್ಲಿ ಸಂಪ್ರದಾಯವಾದಿ ಪಕ್ಷದವನು.

1434ರಲ್ಲಿ ಬಾಸೆಲ್ ಧರ್ಮಸಭೆಯಲ್ಲಿ ಸ್ವೀಡನ್ನಿನ ಬಿಷಪ್ ನಿಕೊಲಾಸ್ ರಾಗ್ವಾಲ್ಡಿ, ನಾವೇ ಗೋಥರ ತವರಿನವರು, ಮೊದಲ ಪೀಠ ನಮಗೆ ಸಲ್ಲಬೇಕು ಎಂದು ವಾದಿಸಿದ. ಹೊರಟುಬಂದ ಧೀರರ ವಂಶ ನಾವು, ಸೋಮಾರಿಗಳು ಊರಲ್ಲೇ ಉಳಿದರು ಎಂದು ಸ್ಪೇನಿನವರು ಉತ್ತರಿಸಿದರು. ಸ್ವೀಡನ್ನಿನ ಅರಸರ ಬಿರುದಿನಲ್ಲಿ ಗೋಥರ ಹೆಸರು 1973ರ ತನಕ ಇತ್ತು.

ಜನರ ಬಾಯಲ್ಲಿ ಈ ಭಾಷೆಯ ತಂಗಿಯೊಂದು ಕೊನೆಯವರೆಗೆ ಉಳಿದದ್ದು ಕ್ರೈಮಿಯದಲ್ಲಿ. ಸುಲೈಮಾನ್ ಸುಲ್ತಾನನ ಆಸ್ಥಾನಕ್ಕೆ ರಾಯಭಾರಿಯಾಗಿ ಹೋಗಿದ್ದ ಫ್ಲೆಮಿಷ್ ವಿದ್ವಾಂಸ ಬುಸ್ಬೆಕ್, 1560ರ ಆಸುಪಾಸಿನಲ್ಲಿ ಕ್ರೈಮಿಯದಿಂದ ಬಂದ ಇಬ್ಬರನ್ನು ಕರೆಸಿ ಕೂರಿಸಿಕೊಂಡು ಮಾತಾಡಿಸಿದ. ಒಬ್ಬ ಎತ್ತರದ, ನೋಡಿದರೆ ಫ್ಲೆಮಿಷರಂತಿದ್ದವನು, ಆ ಕುಲದವನೇ, ಆದರೆ ಗ್ರೀಕರ ನಡುವೆ ಬಾಳಿ ತನ್ನ ಮಾತು ಮರೆತಿದ್ದ. ಇನ್ನೊಬ್ಬ ಗ್ರೀಕ್, ಆ ಜನರೊಡನೆ ಒಡನಾಡಿ ಮಾತು ಕಲಿತಿದ್ದ. ಹೀಗಾಗಿ ಆ ಮಾತಿನ ಪದಗಳನ್ನು ಹೇಳಿದವನು ಪರಕೀಯನೇ. ‘ಬ್ರೋಎ’ ರೊಟ್ಟಿ, ‘ಪ್ಲುಟ್’ ನೆತ್ತರು, ‘ಹುಸ್’ ಮನೆ, ‘ಹಾಂಡ’ ಕೈ, ‘ರೆಗೆನ್’ ಮಳೆ, ‘ಅದ’ ಮೊಟ್ಟೆ, ಹೀಗೆ ಎಂಬತ್ತರಷ್ಟು ಪದಗಳನ್ನು ಬುಸ್ಬೆಕ್ ಬರೆದುಕೊಂಡ. ಎಣಿಕೆಯನ್ನೂ ಕೇಳಿದ. ಹತ್ತರವರೆಗೆ ಎಲ್ಲವೂ ಜರ್ಮಾನಿಕ್ ಜಾಡಿನಲ್ಲೇ ಬರುತ್ತವೆ. ನೂರಕ್ಕೆ ಮಾತ್ರ ‘ಸದ’, ಸಾವಿರಕ್ಕೆ ‘ಹಜೆರ್’. ವುಲ್ಫಿಲನ ಗ್ರಂಥದಲ್ಲಿದ್ದ ‘ಥೂಸುಂದಿ’ ಬಿದ್ದುಹೋಗಿ, ನೆರೆಯ ಇರಾನಿಯನ್ ಭಾಷಿಕರ ‘ಸದ್’, ‘ಹಜಾರ್’ ಆ ಜಾಗಕ್ಕೆ ಬಂದಿದ್ದವು. ಈ ‘ಸದ್’ ನಮ್ಮ ಶತ. ‘ಹಜಾರ್’ ಮತ್ತು ಸಂಸ್ಕೃತದ ‘ಸಹಸ್ರ’ ಒಂದೇ ಒಡಲಿನವು. ಆ ಸಹಸ್ರವೇ ಹಳಗನ್ನಡದಲ್ಲಿ ‘ಸಾಸಿರ’ವಾಗಿ ಈಗ ನಮ್ಮ ಬಾಯಲ್ಲಿ ‘ಸಾವಿರ’.