ಪಟೇಲ್ ಶಾಟ್, ಸಂಘಂ ಶಾಟ್

ಆಂಧ್ರದ ಕೃಷ್ಣಾ ಜಿಲ್ಲೆಯಲ್ಲಿ 2006ರ ಮಾರ್ಚ್‌ನಲ್ಲಿ ಜಿಲ್ಲಾಡಳಿತ ಮೈಕ್ರೋಫೈನಾನ್ಸ್ ಕಂಪನಿಗಳ ಸುಮಾರು 50 ಶಾಖೆಗಳಿಗೆ ಬೀಗ ಹಾಕಿಸಿತು. ಬಡ್ಡಿ, ವಾರದ ಕಂತು, ವಸೂಲಿಯ ಕಾಟ ತಡೆಯಲಾರದೆ ಜನ ರೊಚ್ಚಿಗೆದ್ದಿದ್ದರು. 2010ರ ಅಕ್ಟೋಬರ್‌ನಲ್ಲಿ ಇಡೀ ಆಂಧ್ರಕ್ಕೆ ಸುಗ್ರೀವಾಜ್ಞೆಯೇ ಬಂತು. ಆ ವರ್ಷವೇ ಡೆನ್ಮಾರ್ಕಿನ ಟಾಮ್ ಹೈನೆಮನ್ ಕಿರುಸಾಲದ ಕುರಿತು ಮಾಡಿದ ‘ದಿ ಮೈಕ್ರೋ ಡೆಟ್’ ಸಾಕ್ಷ್ಯಚಿತ್ರ ನಾರ್ವೆಯ ಟಿ.ವಿ.ಯಲ್ಲಿ ಬಂದು ಗದ್ದಲವೆಬ್ಬಿಸಿತು. ಸಾಲದ ಕತೆ ಹೇಳಲು ಅಷ್ಟು ದೂರದಿಂದ ಬರಬೇಕಿತ್ತೇ ಅನ್ನಿಸಬಹುದು. ನಮ್ಮಲ್ಲೂ ಸಾಕ್ಷ್ಯಚಿತ್ರದ ಕೆಲಸ ಹಳೆಯದೇ.

1948ರಲ್ಲಿ ಶುರುವಾದ ಸರ್ಕಾರಿ ಫಿಲಂಸ್ ಡಿವಿಷನ್‌ನ ಚಿತ್ರಗಳನ್ನು ಟಾಕೀಸಿನಲ್ಲಿ ಸಿನಿಮಾಕ್ಕೆ ಮೊದಲು ನೋಡಲೇಬೇಕಿತ್ತು. ಅಣೆಕಟ್ಟು, ಉಕ್ಕು, ಹೊಸ ಬೀಜ, ಮೇಲೊಂದು ಗಡಸು ದನಿ. ಎಸ್. ಸುಖದೇವ್ ಅವರಂಥ ಕೆಲವು ನಿರ್ದೇಶಕರನ್ನು ಬಿಟ್ಟರೆ ಜನ ಅಲ್ಲಿ ಹಿನ್ನೆಲೆಗಷ್ಟೇ.

ತಿರುವು ಸಿಕ್ಕಿದ್ದು ಕರ್ನಾಟಕದಲ್ಲಿ. 1980ರಲ್ಲಿ ದೀಪಾ ಧನರಾಜ್, ನವ್ರೋಜ್ ಕಾಂಟ್ರಾಕ್ಟರ್ ಮತ್ತು ಗೆಳತಿಯರು ಬೆಂಗಳೂರಿನಲ್ಲಿ ‘ಯುಗಾಂತರ’ ಚಿತ್ರತಂಡ ಕಟ್ಟಿದರು. 1982ರಲ್ಲಿ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಂಗಸರೊಡನೆ ಸೇರಿ ಚಿತ್ರ ಮಾಡಿದರು. ಕೂಲಿಯ ಲೆಕ್ಕವನ್ನೂ ಮುಷ್ಕರದ ಕತೆಯನ್ನೂ ಹೇಳುವವರು ಕೆಲಸಗಾರ್ತಿಯರೇ.

ಅಲ್ಲಿಂದ ಮುಂದಿನ ಹೆಜ್ಜೆ ಬೀದರ್ ಗಡಿಯಾಚೆ, ಜಹೀರಾಬಾದಿನ ಪಸ್ತಾಪುರದಲ್ಲಿ. ನನ್ನ ಮಟ್ಟಿಗೆ ಇಡೀ ಚರಿತ್ರೆಯಲ್ಲಿ ಇದೇ ದೊಡ್ಡದು. ಮೈಸೂರಿನವರಾದ ಪಿ.ವಿ. ಸತೀಶ್ ದೂರದರ್ಶನದ ನಿರ್ಮಾಪಕರಾಗಿದ್ದವರು. ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿ ಕಟ್ಟಿ, ಅಕ್ಷರ ಬಾರದ ದಲಿತ ರೈತ ಮಹಿಳೆಯರ ಕೈಗೆ ಕ್ಯಾಮೆರಾ ಕೊಟ್ಟರು. ಹೆಂಗಸರು ಕೋನಗಳಿಗೆ ತಮ್ಮದೇ ಹೆಸರಿಟ್ಟರು. ಮೇಲಿನಿಂದ ಕೆಳಗೆ ನೋಡಿದರೆ ‘ಪಟೇಲ್ ಶಾಟ್’. ಕೆಳಗಿನಿಂದ ಕತ್ತೆತ್ತಿ ನೋಡಿದರೆ ಜೀತದಾಳಿನ ನೋಟ. ನೆಲದ ಮೇಲೆ ಎದುರುಬದುರು ಕೂತು ಕಣ್ಣಿಗೆ ಕಣ್ಣು ಕೊಟ್ಟು ತೆಗೆದರೆ ‘ಸಂಘಂ ಶಾಟ್’. ಯಾವ ಫಿಲಂ ಶಾಲೆ ಇಷ್ಟು ಸಲೀಸಾಗಿ ಹೇಳಿಕೊಟ್ಟೀತು!

2002ರಲ್ಲಿ ಕುಲಾಂತರಿ ಬಿಟಿ ಹತ್ತಿಗೆ ಒಪ್ಪಿಗೆ ಸಿಕ್ಕಿತು. ಬೀಜದ 450 ಗ್ರಾಂ ಪೊಟ್ಟಣಕ್ಕೆ 1600 ರೂಪಾಯಿ. ಈ ಹೆಂಗಸರು ವಾರಂಗಲ್ಲಿನ ಹೊಲಗಳಿಗೆ ತಿಂಗಳು ತಿಂಗಳೂ ಹೋಗಿ, ರೈತರ ಆಸೆ ಕರಗಿದ್ದನ್ನು 2003ರ ಚಿತ್ರದಲ್ಲಿ ತೋರಿಸಿದರು. 2005ರಲ್ಲಿ ಮೂರು ಬಿಟಿ ತಳಿಗಳಿಗೆ ಆಂಧ್ರದಲ್ಲಿ ತಡೆ ಬಿತ್ತು. ಮರುವರ್ಷ ಬೆಲೆ 750ಕ್ಕೆ ಇಳಿಯಿತು. ಅದೆಲ್ಲ ಚಿತ್ರದಿಂದಲೇ ಆಯಿತೆಂದರೆ ಉತ್ಪ್ರೇಕ್ಷೆ. ಆದರೆ ಸಾಕ್ಷ್ಯ ಕ್ಯಾಸೆಟ್ಟಿನಲ್ಲಿ ಭದ್ರವಾಗಿತ್ತು.

2009ರಲ್ಲಿ ದೀಪಾ ಭಾಟಿಯಾ ಅವರು ಪತ್ರಕರ್ತ ಪಿ. ಸಾಯಿನಾಥ್ ಅವರ ಬೆನ್ನು ಹಿಡಿದು ವಿದರ್ಭದ ರೈತರ ಆತ್ಮಹತ್ಯೆಗಳ ಕುರಿತು ‘ನೀರೋಸ್ ಗೆಸ್ಟ್ಸ್’ ಮಾಡಿದರು. ಒಳ್ಳೆಯ ಚಿತ್ರವೇ, ಆದರೆ ಅಲ್ಲಿ ನಾಯಕ ಪತ್ರಕರ್ತ.

2025ರ ಫೆಬ್ರುವರಿಯಲ್ಲಿ ಕರ್ನಾಟಕವೂ ಕಿರುಸಾಲ ವಸೂಲಿಯ ಕಿರುಕುಳದ ವಿರುದ್ಧ ಸುಗ್ರೀವಾಜ್ಞೆ ತಂದಿತು. ಮೊಬೈಲ್ ಹಿಡಿದು ಸಾಲ ಪಡೆದ ಹೆಂಗಸರ ಮನೆಗೆ ಹೊರಟಿರುವ ಗೆಳೆಯರೇ, ಕುರ್ಚಿ ಕೇಳಬೇಡಿ.